ಗದ್ದೆ ಮೇಲೆ ಟವರ್ ಲೈನ್ ಬಂದಾಗ ನಾವು ತಕರಾರು ಹಾಕಿದ ಬಗೆ

ಮೊದಲೇ ಹೇಳಿಬಿಡುತ್ತೇನೆ, ನಮ್ಮ ಗದ್ದೆ ಮೇಲೆ ವಿದ್ಯುತ್ ಲೈನ್ ಹೋಗಿದೆ. ನಿಲ್ಲಿಸಲು ಆಗಲಿಲ್ಲ, ನಿಲ್ಲಿಸಬೇಕು ಅಂತ ನಾವು ಹೊರಟೂ ಇರಲಿಲ್ಲ. ಆದರೆ ಬೋರ್‌ವೆಲ್ ಪಕ್ಕ ಬರಬೇಕಿದ್ದ ಟವರ್ ಈಗ ಬಂಡೆ ಇರುವ ಮೂಲೆಗೆ ಹೋಗಿದೆ. ಗುತ್ತಿಗೆದಾರನ ಕಡೆಯವರು ಬಾಯಿಮಾತಲ್ಲಿ ಹೇಳಿದ್ದಕ್ಕಿಂತ ಜಾಸ್ತಿ ದುಡ್ಡು ಬಂದಿದೆ. ಇನ್ನೂ ಬರಬೇಕಾದ್ದಕ್ಕೆ ಮಂಡ್ಯದ ಜಿಲ್ಲಾ ನ್ಯಾಯಾಲಯದಲ್ಲಿ ಅರ್ಜಿ ನಡೆಯುತ್ತಿದೆ. ಮದ್ದೂರು, ಮಳವಳ್ಳಿ ಕಡೆಯವರು ಆಗಾಗ ಫೋನ್ ಮಾಡಿ "ನೀವ್ ಏನ್ ಮಾಡಿದ್ರಿ" ಅಂತ ಕೇಳುತ್ತಾರೆ. ಫೋನಲ್ಲಿ ಅರ್ಧ ಹೇಳಿ ಅರ್ಧ ಬಿಟ್ಟುಹೋಗುತ್ತದೆ, ಅದಕ್ಕೇ ಬರೆದಿಡುತ್ತಿದ್ದೇನೆ. ನಾನು ವಕೀಲ ಅಲ್ಲ. ಕಬ್ಬು, ಭತ್ತ, ಒಂದಿಷ್ಟು ತೆಂಗು ಮಾಡಿಕೊಂಡಿರುವವನು.

ನಮ್ಮದು ಮಂಡ್ಯ ಜಿಲ್ಲೆಯ ವಿ.ಸಿ. ನಾಲೆ ಬಯಲು. ಜಮೀನು 2 ಎಕರೆ 18 ಗುಂಟೆ. ಲೈನ್ 220 ಕೆವಿ, ಅಂದರೆ ಕಿಲೋವೋಲ್ಟ್. ಒಂದು ದಿನ ನಾಲ್ಕೈದು ಹುಡುಗರು ಜಿಪಿಎಸ್ ಕಡ್ಡಿ ಹಿಡಿದು ಗದ್ದೆ ಒಳಗೆ ಓಡಾಡಿದರು. ಕೇಳಿದರೆ "ಸುಮ್ನೆ ಸರ್ವೆ ಅಷ್ಟೇ" ಅಂದರು. ಹೋಗುವಾಗ ಬೋರ್‌ವೆಲ್‌ನಿಂದ ಹತ್ತು ಹೆಜ್ಜೆ ದೂರದಲ್ಲಿ ಗೂಟ ನೆಟ್ಟು, ಕೆಂಪು ಬಣ್ಣದಲ್ಲಿ ನಂಬರ್ ಬರೆದು ಹೋದರು. ಆಮೇಲೆ ಗುತ್ತಿಗೆದಾರನ ಸೂಪರ್‌ವೈಸರ್ ಒಬ್ಬ ಬಂದ. ಅವನ ಕೈಯಲ್ಲಿ ಮುದ್ರಿಸಿದ ಒಪ್ಪಿಗೆ ಪತ್ರ. ಅದರಲ್ಲಿ ಸರ್ವೆ ನಂಬರ್ ಖಾಲಿ, ವಿಸ್ತೀರ್ಣ ಖಾಲಿ, ದುಡ್ಡಿನ ಜಾಗವೂ ಖಾಲಿ. ಸಹಿ ಹಾಕುವ ಜಾಗ ಮಾತ್ರ ದೊಡ್ಡದಾಗಿತ್ತು.

ನಮ್ಮ ಚಿಕ್ಕಪ್ಪ ಪೆನ್ನು ಹುಡುಕುತ್ತಿದ್ದರು. "ಸೈನ್ ಆಕ್ಬುಟ್ರೆ ಕಾಸು ಬೇಗ ಬತ್ತದಂತೆ ಕಣ್ಲಾ" ಅಂದರು. "ತಡಿ ಚಿಕ್ಕಪ್ಪ, ಎಷ್ಟು ಕಾಸು ಅಂತ ಬರ್ದಿಲ್ವಲ್ಲ, ಬರ್ಕೊಂಡು ಬರ್ಲಿ" ಅಂತ ಕಾಗದ ಇಸಿದುಕೊಂಡೆ. ಖಾಲಿ ಕಾಗದಕ್ಕೆ ಸಹಿ ಹಾಕಬೇಡಿ. ಇದಕ್ಕಿಂತ ದೊಡ್ಡ ಕಾನೂನು ಸಲಹೆ ನನ್ನ ಹತ್ತಿರ ಇಲ್ಲ.

ಈಗ ಕಾನೂನಿನ ವಿಷಯಕ್ಕೆ ಬರೋಣ. ಊರಲ್ಲಿ ಎಲ್ಲರೂ ಹೇಳುವ ಮಾತು ಒಂದೇ: "ನಮ್ ಜಮೀನು, ನಾವು ಒಪ್ಪದೇ ಹೆಂಗ್ ಆಕ್ತಾರೆ?" ಹಾಕಬಹುದು. ಅದೇ ಸಂಕಟ. ಆದರೆ ಎಲ್ಲ ಲೈನ್‌ಗೂ ಹಾಗಲ್ಲ, ಇದರಲ್ಲಿ ಎರಡು ದಾರಿ ಇವೆ. 2003ರ ವಿದ್ಯುತ್ ಕಾಯ್ದೆಯ 67ನೇ ಕಲಂ ಮತ್ತು ಅದರ ಕೆಳಗೆ 2006ರಲ್ಲಿ ಬಂದ ವರ್ಕ್ಸ್ ಆಫ್ ಲೈಸೆನ್ಸೀಸ್ ರೂಲ್ಸ್ ಪ್ರಕಾರ ಹೋಗುವುದಾದರೆ ಜಮೀನಿನ ಮಾಲೀಕನ ಒಪ್ಪಿಗೆ ಬೇಕು. ಅವನು ಒಪ್ಪದಿದ್ದರೆ ಜಿಲ್ಲಾ ಮ್ಯಾಜಿಸ್ಟ್ರೇಟ್ (ಅಂದರೆ ಜಿಲ್ಲಾಧಿಕಾರಿ) ಅಥವಾ ಪೊಲೀಸ್ ಕಮಿಷನರ್ ಹತ್ತಿರ ಬರಹದ ಅನುಮತಿ ತರಬೇಕು. ಇನ್ನೊಂದು ದಾರಿ ಅದೇ ಕಾಯ್ದೆಯ 164ನೇ ಕಲಂ. ಸರ್ಕಾರ ಒಂದು ಆದೇಶ ಮಾಡಿ, ಲೈನ್ ಎಳೆಯುವವರಿಗೆ 1885ರ ಟೆಲಿಗ್ರಾಫ್ ಕಾಯ್ದೆಯಲ್ಲಿ ತಂತಿ ಇಲಾಖೆಗೆ ಇದ್ದ ಅಧಿಕಾರವನ್ನೇ ಕೊಡಬಹುದು. ಆ ಅಧಿಕಾರ ಸಿಕ್ಕಿದ ಮೇಲೆ ಮೊದಲೇ ಒಪ್ಪಿಗೆ ಕೇಳಬೇಕಿಲ್ಲ. ಪವರ್ ಗ್ರಿಡ್ ಮತ್ತು ಸೆಂಚುರಿ ಟೆಕ್ಸ್‌ಟೈಲ್ಸ್ ನಡುವಿನ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಹೇಳಿದ್ದೂ ಇದನ್ನೇ. ದೊಡ್ಡ ಟವರ್ ಲೈನ್‌ಗಳು ಸಾಮಾನ್ಯವಾಗಿ ಈ ಎರಡನೇ ದಾರಿಯಲ್ಲೇ ಬರುತ್ತವೆ.

ಟೆಲಿಗ್ರಾಂ ಸೇವೆ 2013ರ ಜುಲೈನಲ್ಲೇ ನಿಂತುಹೋಯಿತು. ಅದರ ಕಾಯ್ದೆ ಮಾತ್ರ ಇನ್ನೂ ನಮ್ಮ ಗದ್ದೆ ಮೇಲೆ ಓಡಾಡುತ್ತಿದೆ. "ಆ ಕಾಯ್ದೆ ರದ್ದಾಯ್ತಲ್ಲ, ಹಂಗಾದ್ರೆ ಇವ್ರಿಗೆ ಪವರ್ರೇ ಇಲ್ಲ" ಅಂತ ಒಬ್ಬರು ನನಗೆ ಬಹಳ ಖುಷಿಯಿಂದ ಹೇಳಿದರು. 2023ರ ದೂರಸಂಪರ್ಕ ಕಾಯ್ದೆ ಹಳೆಯದನ್ನು ರದ್ದು ಮಾಡುತ್ತದೆ, ನಿಜ. ಆದರೆ 164ನೇ ಕಲಂ ಅಡಿ ಎಳೆಯುವ ವಿದ್ಯುತ್ ಲೈನ್‌ಗೆ ಹಳೆಯ ಕಾಯ್ದೆಯ ಮೂರನೇ ಭಾಗ ಹಾಗೇ ಅನ್ವಯ ಆಗುತ್ತದೆ ಅಂತ ಅದರಲ್ಲೇ ಬರೆದಿದೆ. ಕಾಯ್ದೆ ರದ್ದಾಯ್ತು ಅನ್ನುವ ಮಾತು ನಂಬಿಕೊಂಡು ಕೋರ್ಟಿಗೆ ಹೋಗಬೇಡಿ.

ಹಾಗಾಗಿ ಮೊದಲು ಕೇಳಬೇಕಾದ ಪ್ರಶ್ನೆ ಇದು: ಲೈನ್ ಎಷ್ಟು ಕೆವಿ, ಯಾರದು, ಯಾವ ಕಲಂ ಕೆಳಗೆ ಬರುತ್ತಿದ್ದೀರಿ, 164ರ ಆದೇಶದ ಪ್ರತಿ ಎಲ್ಲಿ? ಬಾಯಲ್ಲಿ ಕೇಳಿದರೆ ನಗುತ್ತಾರೆ. ನಾನು ಮಾಹಿತಿ ಹಕ್ಕಿನಲ್ಲಿ 10 ರೂಪಾಯಿ ಪೋಸ್ಟಲ್ ಆರ್ಡರ್ ಲಗತ್ತಿಸಿ ಅರ್ಜಿ ಹಾಕಿದೆ. ಕೇಳಿದ್ದು ಇಷ್ಟೇ: ಸರ್ಕಾರದ ಆದೇಶ, ಒಪ್ಪಿಗೆಯಾದ ಮಾರ್ಗದ ನಕ್ಷೆ, ನಮ್ಮ ಸರ್ವೆ ನಂಬರಿನ ಅಕ್ಕಪಕ್ಕ ಬರುವ ಮೂರು ಟವರ್‌ಗಳ ಅಕ್ಷಾಂಶ ರೇಖಾಂಶ, ಪರಿಹಾರಕ್ಕೆ ಅನುಸರಿಸುವ ಸುತ್ತೋಲೆ. 30 ದಿನದಲ್ಲಿ ಉತ್ತರ ಕೊಡಬೇಕು ಅಂತ ಕಾಯ್ದೆ ಇದೆ. ಉತ್ತರ ತಡವಾಗಿ ಬಂದರೂ ಅರ್ಜಿ ಹಾಕಿದ ಮೇಲೆ ಆ ಸೂಪರ್‌ವೈಸರ್ ಮಾತಿನ ಧಾಟಿ ಬದಲಾಯಿತು. "ನಿಮ್ದು ಒಂದೇ ಟವರ್ರು, ಯಾಕ್ ಸಾರ್ ಇಷ್ಟೊಂದು" ಅಂತ ಶುರು ಮಾಡಿದ.

ಮಾರ್ಗದ ನಕ್ಷೆ ಕೈಗೆ ಬಂದ ಮೇಲೆ ನಮ್ಮ ತಲೆಯಲ್ಲಿದ್ದ ತಕರಾರೇ ಬದಲಾಯಿತು. ಇದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ, ಯಾಕೆಂದರೆ ಇಡೀ ವಿಷಯದಲ್ಲಿ ಇದೇ ಮುಖ್ಯ.

ಟವರ್‌ನಲ್ಲಿ ಎರಡು ಜಾತಿ. ಲೈನ್ ನೇರ ಹೋಗುವ ಕಡೆ ತಂತಿಯನ್ನು ಸುಮ್ಮನೆ ತೂಗುಹಾಕುವ ಟವರ್ ಒಂದು. ಲೈನ್ ತಿರುಗುವ ಕಡೆ ಎಳೆತ ತಡೆಯಲು ನಿಲ್ಲಿಸುವ ದಪ್ಪ ಟವರ್ ಇನ್ನೊಂದು. ತಿರುವಿನ ಟವರ್‌ನ ಗೂಟದ ಮೇಲೆ ನಂಬರಿನ ಜೊತೆ ಎಪಿ ಅಂತ ಬರೆದಿರುತ್ತಾರೆ, ಆ್ಯಂಗಲ್ ಪಾಯಿಂಟ್ ಅಂತ. ಅದನ್ನು ಅಲ್ಲಾಡಿಸಿದರೆ ಆ ಕಡೆ ಈ ಕಡೆ ಎರಡೂ ಸಾಲು ಬದಲಾಗುತ್ತದೆ, ಪಕ್ಕದ ಊರಿನವರ ಗದ್ದೆ ಮೇಲೂ ಹೋಗುತ್ತದೆ, ಆಮೇಲೆ ಅವರು ಎದ್ದು ನಿಲ್ಲುತ್ತಾರೆ. ಕಬ್ಬಿಣ, ಕಾಂಕ್ರೀಟ್ ಎಲ್ಲ ಜಾಸ್ತಿ. ಎಂಜಿನಿಯರ್ ಒಪ್ಪುವುದೇ ಇಲ್ಲ. ನೇರ ಸಾಲಿನ ನಡುವಿನ ಟವರ್ ಹಾಗಲ್ಲ. ಅದೇ ಗೆರೆ ಮೇಲೆ ಸ್ವಲ್ಪ ಹಿಂದೆ ಮುಂದೆ ಸರಿಸಿದರೆ ಎರಡು ಟವರ್ ನಡುವಿನ ದೂರ ಮಾತ್ರ ಬದಲಾಗುತ್ತದೆ. ತಂತಿ ಎಷ್ಟು ಜೋಲುತ್ತದೆ, ನೆಲದಿಂದ ಎತ್ತರ ಸಾಕಾಗುತ್ತದಾ ಅಂತ ಒಂದು ಸಲ ಲೆಕ್ಕ ಹಾಕಿದರೆ ಮುಗಿಯಿತು.

ನಮ್ಮ ಗೂಟದ ಮೇಲೆ ಎಪಿ ಇರಲಿಲ್ಲ. ಬರೀ ನಂಬರ್.

ಅಲ್ಲಿಗೆ ದಾರಿ ಕಾಣಿಸಿತು. ನಾನು, ನಮ್ಮ ಅಣ್ಣನ ಮಗ ಇಬ್ಬರೂ ಸೇರಿ ಭೂಮಾಪನ ಕಚೇರಿಯಿಂದ ನಮ್ಮ ಸರ್ವೆ ನಂಬರಿನ ಟಿಪ್ಪಣಿ (ಮೂಲ ಸರ್ವೆಯ ಅಳತೆ ಕಾಗದ), ಆಕಾರ್‌ಬಂದ್ (ವಿಸ್ತೀರ್ಣದ ದಾಖಲೆ), ಹಿಸ್ಸಾ ನಕ್ಷೆಯ ನಕಲು ತಂದೆವು. ಬಾಂದು ಕಲ್ಲು ಎಲ್ಲಿದೆ ಅಂತ ಹುಡುಕಿದೆವು, ಒಂದು ಕಲ್ಲು ಹೊಲಗಾಲುವೆ ಹೂಳಿನಲ್ಲಿ ಮುಚ್ಚಿಹೋಗಿತ್ತು. ಆ ಕಲ್ಲಿನಿಂದ ಟೇಪ್ ಹಿಡಿದು ಗೂಟದವರೆಗೆ, ಬೋರ್‌ವೆಲ್‌ವರೆಗೆ, ಪಂಪ್‌ಹೌಸ್‌ವರೆಗೆ, ಪ್ರತಿ ತೆಂಗಿನ ಮರದವರೆಗೆ ಅಳೆದೆವು. ದಿಶಾಂಕ್ ಆ್ಯಪ್‌ನಲ್ಲಿ ಸರ್ವೆ ನಂಬರ್ ಗಡಿ ಕಾಣುತ್ತದೆ, ಒಂದು ಅಂದಾಜಿಗೆ ಒಳ್ಳೆಯದು. ಆದರೆ ಬದುವಿನ ಜಗಳಕ್ಕೆ ಅದನ್ನು ನಂಬಬೇಡಿ, ಟಿಪ್ಪಣಿಯೇ ಆಧಾರ. ಆಮೇಲೆ ಗ್ರಾಫ್ ಹಾಳೆ ಮೇಲೆ 1 ಸೆಂಟಿಮೀಟರ್‌ಗೆ 5 ಮೀಟರ್ ಅಂತ ಹಿಡಿದು ನಕ್ಷೆ ಬರೆದೆವು. ಲೈನ್‌ನ ಗೆರೆ ಕೆಂಪು, ಅದರ ಎರಡೂ ಕಡೆ ಹದಿನೇಳೂವರೆ ಮೀಟರ್ ಹಳದಿ, ಟವರ್ ಈಗಿರುವ ಜಾಗ ಕಪ್ಪು ಚೌಕ, ನಾವು ಕೇಳುವ ಜಾಗ ಹಸಿರು ಚೌಕ. ಹಸಿರು ಚೌಕ ಬಿದ್ದದ್ದು ಎ ಖರಾಬು (ಸಾಗುವಳಿಗೆ ಬಾರದ ಜಾಗ) ಅಂತ ಪಹಣಿಯಲ್ಲೇ ಇರುವ ಕಲ್ಲುಮೂಲೆ ಮೇಲೆ, ಅದೇ ಕೆಂಪು ಗೆರೆ ಮೇಲೆ, 38 ಮೀಟರ್ ಮುಂದೆ.

ಹದಿನೇಳೂವರೆ ಎಲ್ಲಿಂದ ಬಂತು ಅಂದರೆ, 220 ಕೆವಿ ಲೈನ್‌ಗೆ ಕಾರಿಡಾರ್, ಅಂದರೆ ತಂತಿ ಕೆಳಗೆ ನಿರ್ಬಂಧ ಬೀಳುವ ಪಟ್ಟಿಯ ಅಗಲ, 35 ಮೀಟರ್. 66 ಕೆವಿಗೆ 18, 110 ಕೆವಿಗೆ 22. ಈ ಅಗಲದೊಳಗೆ ತೆಂಗು, ಮಾವು, ಹಲಸು ಇರುವಂತಿಲ್ಲ, ಮನೆ ಕಟ್ಟುವಂತಿಲ್ಲ. ಕಬ್ಬು, ಭತ್ತ, ರಾಗಿ, ಹಿಪ್ಪುನೇರಳೆ ಬೆಳೆಯಬಹುದು. ಜನ ಟವರ್ ಕಾಲು ಊರುವ ಜಾಗವನ್ನೇ ನೋಡಿ ಜಗಳ ಆಡುತ್ತಾರೆ. ನಿಜವಾಗಿ ಹೋಗುವುದು ಈ ಅಗಲ. ನಮ್ಮ ಗದ್ದೆಯಲ್ಲಿ ಲೈನ್ 92 ಮೀಟರ್ ಉದ್ದ ಹಾಯುತ್ತದೆ. 35ರಿಂದ ಗುಣಿಸಿದರೆ 3,220 ಚದರ ಮೀಟರ್, ಅಂದರೆ ಹತ್ತಿರ ಹತ್ತಿರ 32 ಗುಂಟೆ. 98 ಗುಂಟೆಯಲ್ಲಿ 32! ಟವರ್ ಕೆಳಗಿನ ಜಾಗ ಒಂದು ಗುಂಟೆಯೂ ಇಲ್ಲ. ಈ ಲೆಕ್ಕ ಹಾಕಿ ಚಿಕ್ಕಪ್ಪನಿಗೆ ತೋರಿಸಿದ ಮೇಲೆ ಅವರು ಸಹಿ ವಿಷಯ ಎತ್ತಲಿಲ್ಲ.

ಆಮೇಲೆ ತಕರಾರು ಅರ್ಜಿ. ಅಣ್ಣನ ಮಗ ಮೊದಲು ಬರೆದುಕೊಂಡು ಬಂದದ್ದರಲ್ಲಿ ಕ್ಯಾನ್ಸರ್, ಹಕ್ಕಿಗಳು, ರೈತರ ಬೆನ್ನೆಲುಬು, ಸಂವಿಧಾನ ಎಲ್ಲ ಇತ್ತು. ಓದಲು ಚೆನ್ನಾಗಿತ್ತು. ಆದರೆ ಅದನ್ನು ಓದಿದ ಅಧಿಕಾರಿ ಏನು ಮಾಡಬೇಕು? "ಲೈನ್ ಬೇಡ" ಅಂದರೆ ಅವರ ಉತ್ತರ ರೆಡಿ ಇರುತ್ತದೆ: ಸಾರ್ವಜನಿಕ ಹಿತಾಸಕ್ತಿ, 164ರ ಆದೇಶ, ತಕರಾರು ವಜಾ. "ಇಲ್ಲಿ ಬೇಡ, ಇದೇ ಗೆರೆಯಲ್ಲಿ 38 ಮೀಟರ್ ಮುಂದೆ ಹಾಕಿ, ನಕ್ಷೆ ಇಲ್ಲಿದೆ, ಜಾಗವೂ ನಮ್ಮದೇ, ಬೇರೆಯವರಿಗೆ ತೊಂದರೆ ಇಲ್ಲ" ಅಂದರೆ ಅವರು ಉತ್ತರ ಹುಡುಕಬೇಕಾಗುತ್ತದೆ. ಟೆಲಿಗ್ರಾಫ್ ಕಾಯ್ದೆ 10ನೇ ಕಲಂನಲ್ಲೇ ಇದೆ, ಆದಷ್ಟು ಕಡಿಮೆ ಹಾನಿ ಮಾಡಬೇಕು, ಆದ ಹಾನಿಗೆ ಪೂರ್ತಿ ಪರಿಹಾರ ಕೊಡಬೇಕು ಅಂತ. ಕಲ್ಲುಮೂಲೆ ಇರುವಾಗ ಬೋರ್‌ವೆಲ್ ಪಕ್ಕ ಟವರ್ ನಿಲ್ಲಿಸಿದರೆ ಅದು ಕಡಿಮೆ ಹಾನಿ ಹೇಗಾಗುತ್ತದೆ? ನಮ್ಮ ಇಡೀ ಅರ್ಜಿ ಆ ಒಂದು ಸಾಲಿನ ಮೇಲೆ ನಿಂತಿತ್ತು. ಎರಡು ಪುಟ. ಲಗತ್ತು ಮಾತ್ರ ದಪ್ಪ: ಪಹಣಿ, ನಕ್ಷೆ, ಬೋರ್‌ವೆಲ್‌ನ ಆರ್‌ಆರ್ ನಂಬರ್ (ಕರೆಂಟು ಸಂಪರ್ಕದ ನಂಬರ್) ಇರುವ ಕಾಗದ, ದಿನಾಂಕ ಬೀಳುವ ಹಾಗೆ ತೆಗೆದ ಫೋಟೋ. ಕಾರ್ಯಪಾಲಕ ಎಂಜಿನಿಯರ್‌ಗೆ ಒಂದು, ಜಿಲ್ಲಾಧಿಕಾರಿಗೆ ಒಂದು, ತಹಶೀಲ್ದಾರ್‌ಗೆ ಒಂದು. ಕೈಯಲ್ಲಿ ಕೊಟ್ಟು ನಮ್ಮ ಪ್ರತಿ ಮೇಲೆ ಸೀಲು ಹಾಕಿಸಿಕೊಂಡೆವು, ಸೀಲು ಹಾಕದ ಕಡೆಗೆ ರಿಜಿಸ್ಟರ್ಡ್ ಪೋಸ್ಟ್.

ಅರ್ಜಿಗೆ ಯಾರ ಸಹಿ ಅನ್ನುವುದು ಇನ್ನೊಂದು ತಲೆನೋವು. ಪಹಣಿ ಇನ್ನೂ ತಾತನ ಹೆಸರಲ್ಲಿತ್ತು. ನಮ್ಮ ಕಡೆ ಅರ್ಧ ಊರಿನ ಕಥೆ ಇದೇ ಅಲ್ವಾ? ಲೈನ್ ಕಂಪನಿಯವರಿಗೆ ಇದು ಬಹಳ ಅನುಕೂಲ, "ನೀವ್ಯಾರು, ಖಾತೆದಾರರು ಬರ್ಲಿ" ಅಂದುಬಿಡಬಹುದು. ಪೌತಿ ಖಾತೆಗೆ, ಅಂದರೆ ತೀರಿಹೋದವರ ಖಾತೆಯನ್ನು ವಾರಸುದಾರರ ಹೆಸರಿಗೆ ಮಾಡಿಸಲು, ವಂಶವೃಕ್ಷ ಮಾಡಿಸಿದಾಗ ಇಬ್ಬರು ಅತ್ತೆಯರ ಹೆಸರೂ ಬಂತು. ಒಬ್ಬರು ನಂಜನಗೂಡಿನಲ್ಲಿ, ಒಬ್ಬರು ಕೆ.ಆರ್. ಪೇಟೆಯಲ್ಲಿ. ಚಿಕ್ಕಪ್ಪನಿಗೆ ಇಷ್ಟ ಇರಲಿಲ್ಲ. ನಾನು ಹೇಳಿದ್ದು ಒಂದೇ ಮಾತು: ಪರಿಹಾರ ಯಾರಿಗೆ ಸೇರಬೇಕು ಅಂತ ಮನೆಯಲ್ಲೇ ತಕರಾರು ಎದ್ದರೆ ಟೆಲಿಗ್ರಾಫ್ ಕಾಯ್ದೆಯ 16ನೇ ಕಲಂ ನಾಲ್ಕನೇ ಉಪಕಲಂ ಪ್ರಕಾರ ಅವರು ದುಡ್ಡನ್ನು ಜಿಲ್ಲಾ ನ್ಯಾಯಾಲಯದಲ್ಲಿ ಕಟ್ಟಿ ಕೈತೊಳೆದುಕೊಳ್ಳಬಹುದು, ಆಮೇಲೆ ನಾವು ನಾವೇ ಹೊಡೆದಾಡಿಕೊಂಡು ತೆಗೆದುಕೊಳ್ಳಬೇಕು. ಅತ್ತೆಯರೇ ಬಂದು ಸಹಿ ಹಾಕಿದರು. ದೊಡ್ಡತ್ತೆ ಅಂತೂ "ನಮ್ಮಪ್ಪನ್ ಬಾವಿ ಮುಚ್ಚಾಕ್ತಾರಾ" ಅಂತ ಎಲ್ಲರಿಗಿಂತ ಜೋರಾಗಿದ್ದರು.

ಪಹಣಿಯ ಬೆಳೆ ಕಾಲಂ ಕೂಡ ನೋಡಿಕೊಳ್ಳಿ. ನಮ್ಮದರಲ್ಲಿ ಭತ್ತ ಅಂತಿತ್ತು, ಗದ್ದೆಯಲ್ಲಿ ಇದ್ದದ್ದು ಕೂಳೆ ಕಬ್ಬು. ಬೆಳೆ ನಷ್ಟ ಬರೆಯುವಾಗ ಕಾಗದ ನೋಡಿ ಬರೆಯುತ್ತಾರೆ, ಕಬ್ಬು ನೋಡಿ ಅಲ್ಲ. ಗ್ರಾಮ ಆಡಳಿತಾಧಿಕಾರಿ ಹತ್ತಿರ ಸರಿ ಮಾಡಿಸಲು ಅರ್ಜಿ ಕೊಟ್ಟು, ಸಕ್ಕರೆ ಕಾರ್ಖಾನೆಗೆ ಹಿಂದಿನ ಸಲ ಕಬ್ಬು ಕಳಿಸಿದ ತೂಕದ ಚೀಟಿಗಳನ್ನೂ ಇಟ್ಟುಕೊಂಡೆ. ಗೇಣಿಗೆ, ಪಾಲಿಗೆ ಮಾಡುವವರಿದ್ದರೆ ಬೆಳೆ ನಷ್ಟದಲ್ಲಿ ಅವರಿಗೂ ಹಕ್ಕಿದೆ. ಕಾಯ್ದೆ "ಹಿತಾಸಕ್ತಿ ಇರುವ ಎಲ್ಲರಿಗೂ" ಅನ್ನುತ್ತದೆ, ಮಾಲೀಕನಿಗೆ ಮಾತ್ರ ಅಲ್ಲ.

ಉತ್ತರ ಬರುವ ಮೊದಲೇ ಒಂದು ಬೆಳಿಗ್ಗೆ ಜೆಸಿಬಿ ಬಂತು. ಎದೆ ಮಟ್ಟದ ಕಬ್ಬು. ಕಾಲುದಾರಿ ಪಕ್ಕದ ಎರಡು ಸಾಲು ಆಗಲೇ ನೆಲಕ್ಕೆ ಒರಗಿತ್ತು. ಸುತ್ತಮುತ್ತಲಿನವರು ಸೇರಿದರು, ಹಸಿರು ಶಾಲು ಹಾಕಿದ ಇಬ್ಬರು ಮೂವರು ಬಂದರು, ಜೆಸಿಬಿ ಮುಂದೆ ಕೂರೋಣ ಅನ್ನುವ ಮಾತು ಬಂತು. ಸಿಟ್ಟು ನನಗೂ ಬಂದಿತ್ತು. ಆದರೆ ಇಲ್ಲಿ ಕಾನೂನು ಸ್ವಲ್ಪ ನಾಜೂಕು. ಜಮೀನಿನವನು ಅಡ್ಡಿ ಮಾಡಿದರೆ 16ನೇ ಕಲಂ ಮೊದಲ ಉಪಕಲಂ ಪ್ರಕಾರ ಅವರು ಜಿಲ್ಲಾ ಮ್ಯಾಜಿಸ್ಟ್ರೇಟ್ ಹತ್ತಿರ ಹೋಗಿ ಆದೇಶ ತರಬೇಕು. ಆ ಆದೇಶ ಬರುವವರೆಗೆ ನೀವು "ಒಪ್ಪಿಗೆ ಇಲ್ಲ" ಅನ್ನಬಹುದು. ಆದೇಶ ಬಂದ ಮೇಲೆ ಅಡ್ಡ ನಿಂತರೆ ಅಪರಾಧ. ಮೊದಲು ಐಪಿಸಿ 188 ಅನ್ನುತ್ತಿದ್ದರು, 2024ರ ಜುಲೈ 1ರಿಂದ ಅದು ಬಿಎನ್‌ಎಸ್ (ಭಾರತೀಯ ನ್ಯಾಯ ಸಂಹಿತೆ) 223. ಅದಕ್ಕೇ ನಾವು ಯಾರನ್ನೂ ಮುಟ್ಟಲಿಲ್ಲ, ಗಾಡಿಗೆ ಕೈ ಹಾಕಲಿಲ್ಲ. ಮೊದಲೇ ಬರೆದಿಟ್ಟಿದ್ದ ಒಂದು ಹಾಳೆಯನ್ನು ಸೂಪರ್‌ವೈಸರ್ ಕೈಗೆ ಕೊಟ್ಟೆವು: ನಮ್ಮ ತಕರಾರು ಇತ್ಯರ್ಥ ಆಗಿಲ್ಲ, ಕೆಲಸಕ್ಕೆ ನಮ್ಮ ವಿರೋಧ ಇದೆ, 16(1)ರ ಆದೇಶ ಇದ್ದರೆ ಪ್ರತಿ ಕೊಡಿ. ಅವನು ಇಸಿದುಕೊಳ್ಳಲಿಲ್ಲ, ಅದನ್ನು ಮೊಬೈಲ್‌ನಲ್ಲಿ ಹಿಡಿದೆವು. ಒರಗಿದ ಕಬ್ಬನ್ನೂ ಹಿಡಿದೆವು. ಪೊಲೀಸರು ಬಂದರು, ಕಾಗದ ನೋಡಿದರು, "ಡಿಸಿ ಆಫೀಸಲ್ಲಿ ಇತ್ಯರ್ಥ ಮಾಡ್ಕೊಳ್ಳಿ, ಇಲ್ಲಿ ಗಲಾಟೆ ಬೇಡ" ಅಂದರು. ಜೆಸಿಬಿ ಹೋಯಿತು.

ಆಮೇಲೆ ಅವರೇ ಜಿಲ್ಲಾಧಿಕಾರಿ ಮುಂದೆ ಅರ್ಜಿ ಹಾಕಿದರು, ನಮಗೆ ನೋಟಿಸು ಬಂತು. ಅವತ್ತು ನಮ್ಮ ಹಾಗೆ ಇನ್ನೂ ಹಲವರು ಬಂದಿದ್ದರು. ಹೆಚ್ಚಿನವರು ಬರಿಗೈ. ಒಬ್ಬರು ಮಾತಾಡುತ್ತಾ ಮಾತಾಡುತ್ತಾ ಕಣ್ಣೀರು ಹಾಕಿದರು, ಕೇಳಿ ಎಲ್ಲರಿಗೂ ಬೇಜಾರಾಯಿತು. ಆದರೆ ಅವರ ಸರ್ವೆ ನಂಬರ್ ಯಾವುದು ಅಂತ ಕೇಳಿದಾಗ ಅವರ ಹತ್ತಿರ ಕಾಗದ ಇರಲಿಲ್ಲ. ಒಬ್ಬೊಬ್ಬರಿಗೂ ಸಿಗುವ ಸಮಯ ಬಹಳ ಕಡಿಮೆ, ಅದರಲ್ಲಿ ಕಥೆ ಹೇಳಲು ಆಗುವುದಿಲ್ಲ. ನಾನು ನಕ್ಷೆಯನ್ನು ಮೇಜಿನ ಮೇಲೆ ಬಿಡಿಸಿದೆ.

"ಲೈನ್ ಬೇಡ ಅಂತಿಲ್ಲ ಸಾರ್. ಕಪ್ಪು ಚೌಕ ಇರೋದನ್ನ ಹಸಿರು ಚೌಕಕ್ಕೆ ತನ್ನಿ ಅಂತಿದೀವಿ. ಗೆರೆ ಅದೇ, ತಿರುವಿಲ್ಲ."

ಎಂಜಿನಿಯರ್ ಕನ್ನಡಕ ಮೇಲೆ ಸರಿಸಿ ನೋಡಿದರು. "ಅಳತೆ ಯಾರ್ರೀ ಮಾಡಿದ್ದು?"

"ನಾವೇ ಸಾರ್. ಟಿಪ್ಪಣಿ ಇಟ್ಕೊಂಡು."

"ಬಂಡೆ ಮೇಲೆ ಫೌಂಡೇಶನ್ ಖರ್ಚು ಬೇರೆ ಆಗುತ್ತೆ ಗೌಡ್ರೇ."

ಅದು ನಿಜ. ಬಂಡೆಯಲ್ಲಿ ಗುಂಡಿ ತೆಗೆಯುವುದು, ಅಡಿಪಾಯದ ವಿನ್ಯಾಸ ಎಲ್ಲ ಬೇರೆ. ಅದಕ್ಕೂ ನಾನು ತಯಾರಿದ್ದೆ: ಈ ಕಡೆ ನಾಲೆ ನೀರು ನಿಲ್ಲುವ ಕೆಸರು ಗದ್ದೆ ಸಾರ್, ಅಲ್ಲೂ ಅಡಿಪಾಯ ಸುಲಭ ಇಲ್ಲ. ನೀರು ನಿಲ್ಲುವ ಜಾಗದಲ್ಲಿ ದೊಡ್ಡ ಪಾದ ಕಟ್ಟಬೇಕು, ನೀರು ಹೊರಗೆ ಹಾಕಿಕೊಂಡೇ ಕೆಲಸ ಮಾಡಬೇಕು ಅಂತ ಅವರಿಗೂ ಗೊತ್ತು. ಅವರು ಮತ್ತೆ ಆ ಮಾತು ಎತ್ತಲಿಲ್ಲ. ಜಂಟಿ ಸ್ಥಳ ತನಿಖೆ ಮಾಡಿ ವರದಿ ಕೊಡಿ ಅಂತ ಆಯಿತು. ತಹಶೀಲ್ದಾರ್ ಕಚೇರಿಯವರು, ಸರ್ವೆಯರ್, ಎಂಜಿನಿಯರ್ ಬಂದು ನೋಡಿದರು. 38 ಮೀಟರ್ ಆಗುವುದಿಲ್ಲ, 34 ಆಗುತ್ತದೆ ಅಂದರು. 34 ಸಾಕಿತ್ತು. ಟವರ್ ಸರಿಸುವ ಷರತ್ತಿನ ಮೇಲೆ ಆದೇಶ ಬಂತು, ನಾವೂ ಕೆಲಸಕ್ಕೆ ಬಿಟ್ಟೆವು.

ನಮ್ಮ ಪಕ್ಕದ ಊರಿನ ಒಬ್ಬರು ಮಾತ್ರ ಸೀದಾ ಸಿವಿಲ್ ಕೋರ್ಟಿಗೆ ಹೋಗಿ ತಡೆಯಾಜ್ಞೆ ಕೇಳಿದರು. ಸಿಗಲಿಲ್ಲ. ವಕೀಲರ ಫೀಸು ಹೋಯಿತು, ಅಷ್ಟರಲ್ಲಿ ಟವರ್ ಎದ್ದು ನಿಂತಿತ್ತು, ಸರಿಸಿ ಅಂತ ಕೇಳುವ ಸಮಯವೂ ಕಳೆದಿತ್ತು. ಹೈಕೋರ್ಟ್‌ಗೆ ರಿಟ್ ಹಾಕಲು ಅವಕಾಶ ಇದೆ. ಆದರೆ 164ರ ಆದೇಶವೇ ಇಲ್ಲದಿದ್ದಾಗ, ಅಥವಾ ನೋಟಿಸೇ ಕೊಡದೆ ಮ್ಯಾಜಿಸ್ಟ್ರೇಟ್ ಆದೇಶ ಆದಾಗ ಅದಕ್ಕೆ ಬಲ ಜಾಸ್ತಿ. ಬರೀ ಇಷ್ಟ ಇಲ್ಲ ಅಂತ ಹೋದರೆ ಕಷ್ಟ.

ಇಲ್ಲಿಗೆ ಜಾಗದ ಜಗಳ ಮುಗಿಯಿತು. ದುಡ್ಡಿನದು ಬೇರೆ ಜಗಳ, ಬೇರೆ ಬಾಗಿಲು. ಇದನ್ನು ಬಹಳ ಜನ ಕಲಸಿಕೊಳ್ಳುತ್ತಾರೆ. ಪರಿಹಾರ ಸಾಲದು ಅಂತ ಡಿಸಿ ಆಫೀಸಿಗೆ ಅಲೆಯುತ್ತಲೇ ಇರುತ್ತಾರೆ. ಪರಿಹಾರ ಸಾಕೋ ಸಾಲದೋ ಅಂತ ತೀರ್ಮಾನ ಮಾಡುವುದು 16(3)ರ ಪ್ರಕಾರ ಜಿಲ್ಲಾ ನ್ಯಾಯಾಧೀಶರು.

ದರದ ವಿಷಯ ಹೀಗಿದೆ. ಕೇಂದ್ರ ವಿದ್ಯುತ್ ಸಚಿವಾಲಯ 2015ರ ಅಕ್ಟೋಬರ್‌ನಲ್ಲಿ ಒಂದು ಮಾರ್ಗಸೂಚಿ ಹೊರಡಿಸಿತು. 66 ಕೆವಿ ಮತ್ತು ಮೇಲಿನ ಲೈನ್‌ಗೆ, ಟವರ್‌ನ ನಾಲ್ಕು ಕಾಲಿನ ನಡುವಿನ ಜಾಗಕ್ಕೆ ಜಮೀನಿನ ಬೆಲೆಯ ಶೇ 85, ಕಾರಿಡಾರ್‌ಗೆ ಹೆಚ್ಚೆಂದರೆ ಶೇ 15. 2024ರ ಜೂನ್‌ನಲ್ಲಿ ಹೊಸದು ಬಂತು: ಟವರ್ ಜಾಗಕ್ಕೆ ಶೇ 200, ಅದೂ ನಾಲ್ಕು ಕಡೆ ಒಂದೊಂದು ಮೀಟರ್ ಹೆಚ್ಚಿಗೆ ಸೇರಿಸಿ, ಕಾರಿಡಾರ್‌ಗೆ ಶೇ 30. ಬೆಳೆ, ಮರದ ಪರಿಹಾರ ಇದರ ಹೊರಗೆ, ಬೇರೆ. ಇವು ಕೇಂದ್ರದ ಮಾರ್ಗಸೂಚಿ. ರಾಜ್ಯದ ಒಳಗಿನ ಲೈನ್‌ಗೆ ರಾಜ್ಯ ಸರ್ಕಾರದ ಆದೇಶ ಲೆಕ್ಕ. ಹಾಗಾಗಿ ಯಾವ ಆದೇಶ, ಯಾವ ತಾರೀಖಿನದು ಹಿಡಿದು ಲೆಕ್ಕ ಹಾಕಿದ್ದೀರಿ ಅಂತ ಬರಹದಲ್ಲಿ ಕೇಳಿ.

ಲೆಕ್ಕದ ಅಂದಾಜು ಸಿಗಲಿ ಅಂತ ಗುಂಟೆಗೆ 50,000 ರೂಪಾಯಿ ಅಂತ ಇಟ್ಟುಕೊಳ್ಳಿ. ನಮ್ಮ 32 ಗುಂಟೆ ಕಾರಿಡಾರ್‌ಗೆ ಶೇ 15 ಅಂದರೆ 2 ಲಕ್ಷ 40 ಸಾವಿರ, ಶೇ 30 ಅಂದರೆ 4 ಲಕ್ಷ 80 ಸಾವಿರ. ಟವರ್ ಜಾಗ ನಮ್ಮಲ್ಲಿ 7 ಮೀಟರ್ ಚೌಕ, ಒಂದೊಂದು ಮೀಟರ್ ಸೇರಿಸಿದರೆ 9 ಮೀಟರ್ ಚೌಕ, ಅಂದರೆ ಮುಕ್ಕಾಲು ಗುಂಟೆಗಿಂತ ಚೂರು ಜಾಸ್ತಿ. ಅದಕ್ಕೆ ಎರಡರಷ್ಟು ಕೊಟ್ಟರೂ 80 ಸಾವಿರ. ದೊಡ್ಡ ಮೊತ್ತ ಕಾರಿಡಾರ್‌ದು. ಅದಕ್ಕಿಂತ ದೊಡ್ಡ ವಿಷಯ ಆ 50,000 ಅನ್ನುವ ಸಂಖ್ಯೆ. ಸಬ್ ರಿಜಿಸ್ಟ್ರಾರ್ ಕಚೇರಿಯ ಮಾರ್ಗಸೂಚಿ ಬೆಲೆ ಹಿಡಿದರೆ ಒಂದು, ನಿಜವಾಗಿ ಜಮೀನು ಮಾರಾಟವಾದ ಬೆಲೆ ಹಿಡಿದರೆ ಇನ್ನೊಂದು. ಶೇಕಡಾ ಎಷ್ಟು ಅಂತ ಬಡಿದಾಡುವುದಕ್ಕಿಂತ ಬೆಲೆ ಎಷ್ಟು ಅಂತ ಹಿಡಿದುಕೊಳ್ಳಿ.

ಮರದ ಮಹಜರು ಮಾಡುವ ದಿನ ನೀವು ಅಲ್ಲೇ ಇರಿ. ನಮ್ಮಲ್ಲಿ ಆರು ತೆಂಗು ಅಂತ ಬರೆದರು. ಬುಡ ಕಾರಿಡಾರ್ ಹೊರಗಿದ್ದರೂ ಗರಿ ಒಳಗೆ ಬಾಗಿದ್ದ ಮೂರು ಮರ ಬಿಟ್ಟಿದ್ದರು. ಲೈನ್‌ಗೆ ಕರೆಂಟು ಬಿಡುವ ಮುಂಚೆ ಅವನ್ನೂ ಕಡಿಯುವುದೇ, ಆಗ "ಮಹಜರಲ್ಲಿ ಇಲ್ಲ" ಅಂತಾರೆ. ಅವನ್ನು ಸೇರಿಸಿಸಿದ ಮೇಲೇ ಸಹಿ ಹಾಕಿದ್ದು. ಮರಕ್ಕೆ ಬೆಲೆ ಕಟ್ಟುವುದು ತೋಟಗಾರಿಕೆ ಇಲಾಖೆ. ಮರದ ವಯಸ್ಸು, ಕಾಯಿ ಬಿಡುವ ವರ್ಷ ಎರಡನ್ನೂ ಬರೆಸಿ. ಲೈನ್ ಬರುವ ಸುದ್ದಿ ಕೇಳಿ ರಾತ್ರೋರಾತ್ರಿ ನೂರಾರು ಸಸಿ ನೆಟ್ಟವರೂ ಇದ್ದಾರೆ. ಅದರಿಂದ ನಿಜವಾದ ಮರ ಇರುವವರಿಗೂ ಅನುಮಾನದ ಕಣ್ಣು ಬೀಳುತ್ತದೆ ಅಷ್ಟೇ.

ಚೆಕ್ ಕೊಟ್ಟಾಗ ತೆಗೆದುಕೊಳ್ಳಿ. ಬೇಡ ಅಂತ ಬಿಟ್ಟರೆ ಯಾರಿಗೂ ಲಾಭ ಇಲ್ಲ. ಆದರೆ ರಸೀದಿಯಲ್ಲಿ "ಪೂರ್ಣ ಮತ್ತು ಅಂತಿಮ" ಅಂತ ಇದ್ದರೆ ಹೊಡೆದುಹಾಕಿಸಿ, "ಆಕ್ಷೇಪಣೆಯೊಂದಿಗೆ ಪಡೆದಿದ್ದೇನೆ, ಹೆಚ್ಚಿನ ಪರಿಹಾರದ ಹಕ್ಕು ಉಳಿಸಿಕೊಂಡಿದ್ದೇನೆ" ಅಂತ ಕೈಯಲ್ಲಿ ಬರೆದು ಸಹಿ ಮಾಡಿ. ನಾವು ಹಾಗೇ ಮಾಡಿದೆವು. ಆಮೇಲೆ 16(3)ರ ಅರ್ಜಿ. ಇದಕ್ಕೆ ಮೂರು ವರ್ಷದ ಗಡುವು ಇದೆ. ಕೇರಳದ ವಿದ್ಯುತ್ ಮಂಡಳಿಯ ಒಂದು ಹಳೇ ಕೇಸಿನಲ್ಲಿ ಸುಪ್ರೀಂ ಕೋರ್ಟ್ ಲಿಮಿಟೇಶನ್ ಕಾಯ್ದೆಯ 137ನೇ ವಿಧಿ ಇದಕ್ಕೂ ಅನ್ವಯ ಅಂತ ಹೇಳಿದೆ. ಜನ "ನೋಡೋಣ, ನೋಡೋಣ" ಅಂತ ಬಿಟ್ಟು ಕಳೆದುಕೊಳ್ಳುವುದು ಇಲ್ಲೇ. ಇನ್ನೊಂದು ಉಪಯೋಗದ ತೀರ್ಪು 2007ರ ಲಿವಿಶಾ ಕೇಸು. ಜಮೀನು ಎಲ್ಲಿದೆ, ತಂತಿ ಎಷ್ಟು ಉದ್ದ ಹಾಯುತ್ತದೆ, ಮೂಲೆಯಲ್ಲಿ ಹೋಗುತ್ತದಾ, ನಡುವೆ ಸೀಳುತ್ತದಾ ಅಂತೆಲ್ಲ ನೋಡಿ ಪರಿಹಾರ ಕೊಡಬೇಕು ಅಂತ ಅದರಲ್ಲಿದೆ. ಸಣ್ಣ ಹಿಡುವಳಿಯವರಿಗೆ ಅದು ಆಧಾರ. ಹತ್ತೆಕರೆಯಲ್ಲಿ 32 ಗುಂಟೆ ಹೋಗುವುದೂ ಎರಡೂವರೆ ಎಕರೆಯಲ್ಲಿ 32 ಗುಂಟೆ ಹೋಗುವುದೂ ಒಂದೇ ಅಲ್ಲವಲ್ಲ.

ಜಮೀನು ಮಾತ್ರ ಈಗಲೂ ನಮ್ಮದೇ. 10ನೇ ಕಲಂ ಅವರಿಗೆ ಕೊಡುವುದು ಬಳಸುವ ಹಕ್ಕು, ಒಡೆತನ ಅಲ್ಲ. ಮುಂದೆ ನೀವು ಆ ಜಾಗದಲ್ಲಿ ಬೇರೇನಾದರೂ ಮಾಡಬೇಕು ಅಂತ ಆದರೆ ಲೈನ್ ಸರಿಸಿ ಅಂತ ಕೇಳಲು 17ನೇ ಕಲಂ ಇದೆ. ಕೇಳದಿದ್ದರೆ ಜಿಲ್ಲಾ ಮ್ಯಾಜಿಸ್ಟ್ರೇಟ್‌ಗೆ ಅರ್ಜಿ. ಪರಿಹಾರ ತೆಗೆದುಕೊಂಡಿದ್ದರೆ ಸರಿಸುವ ಖರ್ಚು ಅಥವಾ ಆ ಪರಿಹಾರದ ಅರ್ಧ, ಎರಡರಲ್ಲಿ ಯಾವುದು ಕಡಿಮೆಯೋ ಅದನ್ನು ಕಟ್ಟಬೇಕು. 220 ಕೆವಿ ಲೈನನ್ನು ಯಾರಾದರೂ ಹಾಗೆ ಸರಿಸಿಸಿದ್ದನ್ನು ನಾನಂತೂ ನೋಡಿಲ್ಲ.

ಒಂದು ಅಡ್ಡಮಾತು. ನಮ್ಮ ಜಿಲ್ಲೆಗೆ ಈ ತಂತಿ ಹೊಸದೇನಲ್ಲ. 1902ರಲ್ಲಿ ಶಿವನಸಮುದ್ರದಿಂದ ಕೋಲಾರದ ಚಿನ್ನದ ಗಣಿಗೆ ಕರೆಂಟು ಹೋದದ್ದು ಇಲ್ಲಿಂದಲೇ, ಹತ್ತಿರ ಹತ್ತಿರ 150 ಕಿಲೋಮೀಟರ್. ಆಗ ಯಾರ ಯಾರ ಹೊಲ ದಾಟಿತೋ, ಯಾರು ತಕರಾರು ಹಾಕಿದರೋ.

ಲೈನ್ ಬಂದ ಮೇಲೆ ಗಮನಿಸಬೇಕಾದ್ದು ಬೋರ್‌ವೆಲ್ ಪೈಪು. ಮೋಟರ್ ಕೆಟ್ಟು ಪೈಪ್ ಎತ್ತಿಸುವಾಗ ಕಬ್ಬಿಣದ ಪೈಪು ನೆಟ್ಟಗೆ ಮೇಲೆ ಬರುತ್ತದೆ. ತಂತಿಯನ್ನು ಮುಟ್ಟಲೇಬೇಕು ಅಂತಿಲ್ಲ, ಹತ್ತಿರ ಹೋದರೆ ಸಾಕು, ಕರೆಂಟು ಹಾರುತ್ತದೆ. ಬೇಸಿಗೆಯಲ್ಲಿ ತಂತಿ ಇನ್ನಷ್ಟು ಜೋಲುತ್ತದೆ.  ಟವರ್ ಸರಿದರೂ ಗೆರೆ ಅದೇ, ಬೋರ್‌ವೆಲ್ ಈಗಲೂ ಕಾರಿಡಾರ್ ಒಳಗೇ ಇದೆ, ಅದಕ್ಕೇ ಪೈಪ್ ಎತ್ತುವವರಿಗೆ ಮೊದಲೇ ಹೇಳಿ, ಉದ್ದ ಪೈಪನ್ನು ಬಿಚ್ಚಿ ಬಿಚ್ಚಿ ತೆಗೆಸುತ್ತೇವೆ. ಕಬ್ಬಿನ ತರಗಿಗೆ ಲೈನ್ ಕೆಳಗೆ ಬೆಂಕಿ ಹಾಕುವುದನ್ನೂ ನಿಲ್ಲಿಸಿದ್ದೇವೆ. ಹೊಗೆ, ಬೆಂಕಿ ಎದ್ದಾಗ ತಂತಿಯಿಂದ ನೆಲಕ್ಕೆ ಕರೆಂಟು ಇಳಿಯಬಹುದು. ತಂತಿಬೇಲಿ ಇದ್ದರೆ ಅರ್ಥಿಂಗ್ ಮಾಡಿಸಿ, ಅದನ್ನು ಮಾಡಿಕೊಡಿ ಅಂತ ಅವರನ್ನೇ ಕೇಳಬಹುದು.

ಕೇಸಿನಲ್ಲಿ ಈಗ ನಮ್ಮ ಕಡೆಯ ಸಾಕ್ಷ್ಯ ನಡೆಯುತ್ತಿದೆ. ಬೆಲೆ ಸಾಬೀತು ಮಾಡಲು ಅಕ್ಕಪಕ್ಕದ ಸರ್ವೆ ನಂಬರ್‌ಗಳಲ್ಲಿ ಲೈನ್ ಬರುವ ಮೊದಲು ಆದ ಕ್ರಯಪತ್ರಗಳು ಬೇಕು ಅಂತ ವಕೀಲರು ಹೇಳಿದ್ದಾರೆ. ಸಬ್ ರಿಜಿಸ್ಟ್ರಾರ್ ಕಚೇರಿಯಲ್ಲಿ ದೃಢೀಕರಿಸಿದ ನಕಲಿಗೆ ಹಾಕಿದ್ದೇನೆ. ಎರಡು ಸಿಕ್ಕಿವೆ. ಒಂದರಲ್ಲಿ ಕಾಗದದ ಮೇಲಿನ ಬೆಲೆ ಮಾರ್ಗಸೂಚಿ ಬೆಲೆಗಿಂತ ಒಂದು ರೂಪಾಯಿಯೂ ಜಾಸ್ತಿ ಇಲ್ಲ, ಕೊಂಡವರು ಸ್ಟಾಂಪ್ ಡ್ಯೂಟಿ ಉಳಿಸಿಕೊಂಡಿದ್ದಾರೆ. ಅದು ನಮಗೆ ಉಪಯೋಗಕ್ಕಿಲ್ಲ. ಬ್ಯಾಂಕ್ ಸಾಲ ಮಾಡಿ ಪೂರ್ತಿ ಬೆಲೆ ಬರೆಸಿದ ಇನ್ನೊಂದು ಇದೆ, ಮುಂದಿನ ವಾಯಿದೆಗೆ ಅದನ್ನು ಹಾಜರುಪಡಿಸುತ್ತಿದ್ದೇವೆ.